ಎತ್ತಿನ ರೈಲಿಗೆ ನೀರು ಕುಡಿಸಿದ ಕಲ್ಲು

ಬರೋಡಾದ ರೈಲಿನ ಚರಿತ್ರೆ ನಿಂತಿರುವುದೇ ನಮ್ಮ ಕುಟುಂಬದ ಒಂದು ರುಬ್ಬುವ ಕಲ್ಲಿನ ಮೇಲೆ. ಈ ಮಾತಿನಲ್ಲಿ ಅರ್ಧ ಸುಳ್ಳುಂಟು, ಒಪ್ಪಬೇಕಾದ್ದೇ. ಯಾವ ಅರ್ಧ ಎಂದು ಈಗಲೇ ಕೇಳಬೇಡಿ. ಅಕ್ಕಿ ಬೇಯುವ ಮೊದಲೇ ಅಗುಳು ಹಿಸುಕಿ ನೋಡುವವರಿಗೆ ಊಟ ರುಚಿಸುವುದಿಲ್ಲ.

ನಮ್ಮ ಅಚ್ಯುತ ಉಪಾಧ್ಯನ ಹೋಟೆಲು ಇದ್ದದ್ದು ಬರೋಡಾದ ಸಣ್ಣ ರೈಲಿನ ಸ್ಟೇಶನ್ನಿನ ಎದುರು. ದೊಡ್ಡ ಸ್ಟೇಶನ್ನು ಬೇರೆ. ಬೊಂಬಾಯಿ, ಅಹಮದಾಬಾದು, ದಿಲ್ಲಿ ಎಂದು ಎದೆಯುಬ್ಬಿಸಿ ಓಡುವ ಗಾಡಿಗಳೆಲ್ಲ ಅಲ್ಲಿ. ಈ ಸಣ್ಣ ಸ್ಟೇಶನ್ನಿಗೆ ಬರುವುದು ಮಹಾರಾಜರ ಕಾಲದ ಪುಟ್ಟ ಹಳಿಯ ಮೇಲೆ ಓಡುವ ಡಭೋಯಿ ಊರಿನ ಗಾಡಿ. ಓಡುವುದು ಎಂದದ್ದು ಮರ್ಯಾದೆಗೆ. ಹಳಿಯ ಮೇಲೆ ಮಲಗಿದ ಎಮ್ಮೆ ಗಾಡಿಯ ಕೂಗು ಕೇಳಿ ಎದ್ದು, ಮೈ ಮುರಿದು, ಕರುವನ್ನು ಕರೆದು, ಇನ್ನೂ ಯಾಕೆ ಬರಲಿಲ್ಲ ಎಂದು ಬೇಸರದಿಂದ ತಿರುಗಿ ಮಲಗುತ್ತಿತ್ತು.

ಅಚ್ಯುತ ಒಳ್ಳೆಯವನೇ. ಹಸಿದವನಿಗೆ ಸಾಂಬಾರು ಎರಡನೇ ಸಲ ಕೇಳದೆ ಹಾಕುವ ಜನ. ಅವನಿಗೆ ಇದ್ದದ್ದು ಒಂದೇ ಕಾಯಿಲೆ, 'ಗೊತ್ತಿಲ್ಲ' ಎಂಬ ಮಾತು ಬಾಯಿಗೆ ಬರುತ್ತಿರಲಿಲ್ಲ. ಹುಟ್ಟಿದಾಗ ನಾಲಗೆಗೆ ಜೇನು ತಾಗಿಸಿದವರು ಆ ಶಬ್ದವನ್ನು ಒರೆಸಿ ತೆಗೆದಿರಬೇಕು. ಸ್ಟೇಶನ್ನಿನ ಎದುರು ಹೋಟೆಲು ಇಟ್ಟವನ ಹತ್ತಿರ ಜನ ಕಾಫಿಗಿಂತ ಹೆಚ್ಚು ಪ್ರಶ್ನೆ ಕೇಳುತ್ತಾರೆ. ಗಾಡಿ ಯಾಕೆ ತಡ, ಈ ಕಬ್ಬಿಣದ ಕಂಬ ಯಾವ ದೇಶದ್ದು, ಆ ಗಂಟೆ ಯಾರ ಕಾಲದ್ದು. ಅಚ್ಯುತ ಎಲ್ಲದಕ್ಕೂ ಉತ್ತರ ಕೊಟ್ಟ. ಗೋರ್ವಾದ ಒಬ್ಬ ಹುಡುಗ ಅವನ ಮಾತು ನಂಬಿ ತಪ್ಪು ಗಾಡಿ ಹತ್ತಿ, ಯಾವುದೋ ಊರಿನಲ್ಲಿ ಇಳಿದು, ಅಲ್ಲಿ ಹೆಣ್ಣು ನೋಡಿ ಮದುವೆಯಾಗಿ, ತಿರುಗಿ ಬಂದು ಅಚ್ಯುತನಿಗೆ ಪೇಢಾ ಕೊಟ್ಟು ಕಾಲಿಗೆ ಬಿದ್ದು ಹೋದ. ಅಂದಿನಿಂದ ಅಚ್ಯುತನಿಗೆ ತನ್ನ ಉತ್ತರಗಳ ಮೇಲೆ ಇನ್ನೂ ಭಕ್ತಿ ಬಂತು.

ಈಗ ಕಲ್ಲಿನ ಸಂಗತಿ. ಅದು ಅಚ್ಯುತನ ಅಮ್ಮನ ಕಲ್ಲು. ಬ್ರಹ್ಮಾವರದ ಕಡೆಯ ಕಪ್ಪು ಶಿಲೆ, ಒಳಗೆ ಬಾವಿಯಂಥ ಗುಳಿ, ಅದರೊಳಗೆ ತಿರುಗುವ ಗುಂಡುಕಲ್ಲು, ಗುಂಡುಕಲ್ಲಿನ ನೆತ್ತಿಯಲ್ಲಿ ಮರದ ಹಿಡಿ ಸಿಕ್ಕಿಸುವ ತೂತು. ನಮ್ಮ ಮನೆತನದಲ್ಲಿ ಒಂದು ಕಟ್ಟಳೆ. ಯಾರು ಯಾವ ಊರಿನಲ್ಲಿ ಹೊಸ ಹೋಟೆಲು ತೆರೆದರೂ ಮೊದಲ ಹಿಟ್ಟು ಅಮ್ಮನ ಕಲ್ಲಿನಲ್ಲೇ ರುಬ್ಬಬೇಕು. ಹಾಗಾಗಿ ಆ ಕಲ್ಲು ಗೋಣಿ ಸುತ್ತಿಕೊಂಡು ಹುಬ್ಬಳ್ಳಿ, ಪುಣೆ, ಬೊಂಬಾಯಿ ಎಂದು ಗೂಡ್ಸು ಗಾಡಿಯಲ್ಲಿ ತಿರುಗಿದೆ. ಟಿಕೇಟು ಕೊಂಡ ಎಷ್ಟೋ ಮನುಷ್ಯರಿಗಿಂತ ಹೆಚ್ಚು ಸ್ಟೇಶನ್ನು ಕಂಡ ಕಲ್ಲು ಅದು. ದಾಯಾದಿಯೊಬ್ಬ ಅದನ್ನು ತರಿಸದೆ ಭರೂಚಿನಲ್ಲಿ ಹೋಟೆಲು ತೆರೆದ. ಅವನ ಇಡ್ಲಿಯಿಂದ ಗಿರಾಕಿಯ ಹಲ್ಲು ಮುರಿದು, ಮಳೆಗಾಲ ಬರುವ ಮೊದಲೇ ಬಾಗಿಲು ಹಾಕಿದ ಎಂದು ಮನೆಯವರೆಲ್ಲ ಇಂದಿಗೂ ಹೇಳುತ್ತಾರೆ. ಹಲ್ಲು ಮೊದಲೇ ಅಲ್ಲಾಡುತ್ತಿತ್ತು ಎಂಬುದನ್ನು ಯಾರೂ ಹೇಳುವುದಿಲ್ಲ.

ಕೊನೆಗೆ ಕಲ್ಲು ಬರೋಡಾಕ್ಕೆ ಬಂದು ಅಚ್ಯುತನ ಸುಪರ್ದಿಯಲ್ಲಿ ಉಳಿಯಿತು. ಎಮರ್ಜೆನ್ಸಿ ಮುಗಿದು ಕೆಲವು ವರ್ಷಕ್ಕೆ ಅವನ ಹೆಂಡತಿ ವೈದೇಹಿ ಕೊಯಮತ್ತೂರಿನ ಕರೆಂಟು ಗ್ರೈಂಡರು ತರಿಸಿದಳು. ಗ್ರೈಂಡರು ಅಡುಗೆಮನೆಯಲ್ಲಿ ಕೂತಿತು, ಕಲ್ಲು ಹೊರಗೆ ಸ್ಟೇಶನ್ನಿನ ಬೇಲಿಯ ಪಕ್ಕ, ನೀರಿನ ಪಂಪಿನ ಬುಡಕ್ಕೆ ಹೋಯಿತು. ಪಂಪಿನ ನೀರು ಚಿಮ್ಮಿ ಗುಳಿ ತುಂಬುತ್ತಿತ್ತು. ಸ್ಟೇಶನ್ನಿನ ಆಡುಗಳು ಬಂದು ಕುಡಿಯುತ್ತಿದ್ದವು.

ಹಾಗಿರುವಾಗ ಒಂದು ಭಾನುವಾರ ಹೋಟೆಲಿಗೆ ಹರಿಪ್ರಸಾದಭಾಯಿ ಬಂದರು. ಅಹಮದಾಬಾದಿನಲ್ಲಿ ಚರಿತ್ರೆ ಪಾಠ ಹೇಳಿ ನಿವೃತ್ತರಾದವರು, ಗುಜರಾತಿನ ಹಳೆಯ ಸ್ಟೇಶನ್ನುಗಳ ಮೇಲೆ ಪುಸ್ತಕ ಬರೆಯುತ್ತಿದ್ದರು. ಹೆಗಲಲ್ಲಿ ಚೀಲ, ಚೀಲದಲ್ಲಿ ಭೂತಗನ್ನಡಿ. ಬೆಂಚಿನ ಮೇಲೆ ಕೂರುವ ಮೊದಲು ಬೆರಳಿನಿಂದ ಬಡಿದು ಅದರ ವಯಸ್ಸು ಕೇಳುವ ಮನುಷ್ಯ. ಅಹಮದಾಬಾದಿನ ಸ್ಟೇಶನ್ನಿಗೆ ಅಗಲ ಹಳಿಯೂ ಮಧ್ಯಮ ಹಳಿಯೂ ಬರುತ್ತವೆ, ಆದರೆ ಒಂದರ ಡಬ್ಬಿ ಇನ್ನೊಂದಕ್ಕೆ ದಾಟುವುದಿಲ್ಲ, ಅತ್ತೆ ಸೊಸೆ ಒಂದೇ ಮನೆಯಲ್ಲಿ ಎರಡು ಒಲೆ ಹೂಡಿದ ಹಾಗೆ ಎಂದು ಅವರು ವಿವರಿಸಿದರು. ಸೂರತ್ತಿನಲ್ಲಿ ಸ್ಟೇಶನ್ನಿನ ಹೆಂಚು ಎಣಿಸಲು ಹೋಗಿ ಪೊಲೀಸರ ಕೈಗೆ ಸಿಕ್ಕಿದ್ದನ್ನೂ ಹೇಳಿದರು. ಆಮೇಲೆ ಅಚ್ಯುತನ ಕಡೆ ಬಗ್ಗಿ, ಈ ಡಭೋಯಿಯ ಕಡೆಯ ಹಳಿಯ ಮೇಲೆ ಮೊಟ್ಟಮೊದಲು ರೈಲು ಎಳೆದದ್ದು ಎಂಜಿನ್ನು ಅಲ್ಲ, ಏನು ಗೊತ್ತೇ ಎಂದು ಕೇಳಿದರು.

ಅಚ್ಯುತನಿಗೆ ಗೊತ್ತಿರಲಿಲ್ಲ. "ಗೊತ್ತುಂಟು, ಗೊತ್ತುಂಟು," ಎಂದ.

ಎತ್ತುಗಳು ಎಂದರು ಹರಿಪ್ರಸಾದಭಾಯಿ. ಅದೇ, ಎತ್ತುಗಳು ಎಂದ ಅಚ್ಯುತ, ಈಗಷ್ಟೇ ತಾನೇ ಅವುಗಳ ಕೊರಳಿನ ಹಗ್ಗ ಬಿಚ್ಚಿ ಬಂದವನ ಹಾಗೆ.

ಕೈ ತೊಳೆಯಲು ಪಂಪಿನ ಹತ್ತಿರ ಹೋದ ಹರಿಪ್ರಸಾದಭಾಯಿ ಅಲ್ಲೇ ನಿಂತುಬಿಟ್ಟರು. ಆಡು ಕಲ್ಲಿನಿಂದ ನೀರು ಕುಡಿಯುತ್ತಿತ್ತು. ಗುಜರಾತಿನವರಿಗೆ ಹಿಟ್ಟು ಬೀಸುವ ಬೀಸುಕಲ್ಲು ಗೊತ್ತು. ನೆನೆದ ಅಕ್ಕಿಯನ್ನು ಗುಳಿಯಲ್ಲಿ ಹಾಕಿ ರುಬ್ಬುವ ಈ ಭೀಮಕಾಯದ ಕಲ್ಲನ್ನು ಅವರು ಯಾಕೆ ನೋಡಿರುತ್ತಾರೆ. ಭೂತಗನ್ನಡಿ ಹೊರಬಂತು. ಬೇಲಿಯ ಪಕ್ಕದಲ್ಲಿದೆ, ಹಳೆಯದು, ನೀರು ತುಂಬಿದೆ, ಪ್ರಾಣಿ ಕುಡಿಯುತ್ತಿದೆ. ಭೂತಗನ್ನಡಿಯನ್ನು ಎದೆಗೆ ಒತ್ತಿಕೊಂಡರು. ರೈಲಿನ ಎತ್ತುಗಳು ನೀರು ಕುಡಿದ ಕಲ್ಲು ಇದೇ ಅಲ್ಲವೇ ಎಂದು ಕೇಳಿದರು.

ಅಲ್ಲ ಎನ್ನುವುದು ಎಷ್ಟು ಸುಲಭ. ಆದರೆ ಅಷ್ಟು ಆಸೆಯಿಂದ ಕೇಳಿದವರಿಗೆ ಅಲ್ಲ ಎನ್ನುವುದು ಬಡಿಸಿದ ಎಲೆಯನ್ನು ಎಳೆದ ಹಾಗೆ ಎಂದು ಅಚ್ಯುತನಿಗೆ ಅನಿಸಿತು. "ಹಾಂ, ಅದೇ," ಎಂದ.

ಪಕ್ಕದಲ್ಲಿ ಬಿದ್ದ ಈ ಗುಂಡಗಿನದು ಏನು ಎಂದರು. ಗಾಡಿ ಇಳಿಜಾರಿನಲ್ಲಿ ಹಿಂದೆ ಜಾರದಂತೆ ಚಕ್ರಕ್ಕೆ ಕೊಡುತ್ತಿದ್ದ ಬ್ರೇಕಿನ ಕಲ್ಲು ಎಂದ ಅಚ್ಯುತ. ನೆತ್ತಿಯ ತೂತು? ಅದರಲ್ಲಿ ಹಸಿರು ಬಾವುಟ ಸಿಕ್ಕಿಸುತ್ತಿದ್ದರು. ಅಂಚಿನಲ್ಲಿ ಒಂದು ಚೂರು ಹಾರಿದೆಯಲ್ಲ? ಅದು ಅಮ್ಮ ಅಪ್ಪನ ಮೇಲಿನ ಸಿಟ್ಟಿಗೆ ತೆಂಗಿನಕಾಯಿ ಅಪ್ಪಳಿಸಿದ ಗುರುತು. ಅಚ್ಯುತ ಅದನ್ನು ಎತ್ತಿನ ಕೊಂಬು ತಾಗಿದ್ದು ಎಂದ. ಇದೊಂದನ್ನು ಹೇಳುವಾಗ ಮಾತ್ರ ಅಮ್ಮನನ್ನು ನೆನೆದು ಒಂದು ಗಳಿಗೆ ತಡವರಿಸಿದನಂತೆ.

ಹರಿಪ್ರಸಾದಭಾಯಿ ದಡ್ಡರಲ್ಲ. ಹೊರಟವರು ತಿರುಗಿ ಬಂದು, ಎತ್ತಿನ ರೈಲು ಓಡಿದ್ದು ಡಭೋಯಿಯಿಂದ ಮಿಯಾಗಾಮಿಗೆ, ಬರೋಡಾಕ್ಕೆ ಬರಲೇ ಇಲ್ಲ, ಅಂದ ಮೇಲೆ ಎತ್ತುಗಳ ಕಲ್ಲು ಇಲ್ಲಿ ಯಾಕೆ ಎಂದು ಕೇಳಿದರು.

"ರಜೆಯಲ್ಲಿ ಬರ್ತಿದ್ದವು," ಎಂದ ಅಚ್ಯುತ.

ಹರಿಪ್ರಸಾದಭಾಯಿ ಕನ್ನಡಕ ತೆಗೆದರು. ಮಹಾರಾಜರು ಎತ್ತುಗಳಿಗೂ ರಜೆ ಕೊಡುತ್ತಿದ್ದರೇ ಎಂದು ಕಣ್ಣು ಒರೆಸಿಕೊಂಡರು. ಅಷ್ಟು ದಯಾಳು ಆಡಳಿತ ಎಂದು ತಮ್ಮಷ್ಟಕ್ಕೆ ಹೇಳಿಕೊಳ್ಳುತ್ತ ಬೇಲಿ ದಾಟಿ ಸ್ಟೇಶನ್ ಮಾಸ್ತರರ ಕೋಣೆಗೆ ಓಡಿದರು.

ಸ್ಟೇಶನ್ ಮಾಸ್ತರರು ಜಶುಭಾಯಿ. ಪಾಪ, ಅವರ ದುಃಖ ಅವರಿಗೆ. ದೊಡ್ಡ ಸ್ಟೇಶನ್ನಿಗೆ ಮಂತ್ರಿಗಳು ಬರುತ್ತಾರೆ, ನನ್ನ ಸ್ಟೇಶನ್ನಿಗೆ ಆಡು ಬರುತ್ತದೆ ಎಂದು ದಿನಾ ಚಹಾ ಕುಡಿಯುತ್ತ ನಿಟ್ಟುಸಿರು ಬಿಡುವವರು. ಕಲ್ಲಿನ ಸುದ್ದಿ ಕೇಳಿದ್ದೇ ಆಡುಗಳನ್ನು ಓಡಿಸಿದರು. ಮರುದಿನ ಕೂಲಿಗಳು ಬಂದು ಕಲ್ಲನ್ನೂ ಗುಂಡುಕಲ್ಲನ್ನೂ ಹೊತ್ತು ಪ್ಲಾಟ್‌ಫಾರ್ಮಿನ ಮೇಲೆ ಇಟ್ಟಿಗೆಯ ಕಟ್ಟೆಗೆ ಏರಿಸಿದರು. ಹೊರಮೈಗೆ ಕೆಮ್ಮಣ್ಣಿನ ಬಣ್ಣ, ಅಂಚಿಗೆ ಬಿಳಿ ಪಟ್ಟೆ. ವೈದೇಹಿ ಅಡುಗೆಮನೆಯ ಕಿಟಕಿಯಿಂದ ನೋಡಿ, ನಿಮ್ಮ ಅಮ್ಮನಿಗೆ ಗಂಡಸರ ಹಾಗೆ ಮೀಸೆ ಬರೆಯದಿದ್ದರೆ ಸಾಕು ಎಂದಳು. ಹೇಗೂ ಹೊರಗೆ ಬಿದ್ದಿತ್ತಲ್ಲ, ನೆರಳಾಯಿತು ಎಂದ ಅಚ್ಯುತ.

ಸುಳ್ಳಿಗೆ ಕಾಲಿಲ್ಲ ಎನ್ನುವವರು ಬರೋಡಾ ನೋಡಿಲ್ಲ. ಅಲ್ಲಿ ಅದು ರಿಕ್ಷಾ ಹತ್ತುತ್ತದೆ. ವಾರ ತುಂಬುವುದರೊಳಗೆ ಮಕರಪುರದ ಎತ್ತಿನಗಾಡಿಯವರು ಎತ್ತುಗಳನ್ನು ಕರೆತಂದು ಆ ಗುಳಿಯ ನೀರು ಕುಡಿಸತೊಡಗಿದರು. ಕುಡಿದ ಎತ್ತು ಹೆಚ್ಚು ಎಳೆಯುತ್ತದಂತೆ. ಕಬ್ಬಿನ ಹಾಲಿನ ಅಂಗಡಿಯವನು ತನ್ನ ಮುತ್ತಜ್ಜನೇ ಆ ರೈಲಿನ ಎತ್ತು ಹೊಡೆಯುತ್ತಿದ್ದದ್ದು ಎಂದ. ಹಲ್ಲಿಲ್ಲದ ಒಬ್ಬ ಮುದುಕರು ದೂರದಿಂದ ಬಂದು, ಕಲ್ಲನ್ನು ತಬ್ಬಿಕೊಂಡು, ಚಿಕ್ಕಂದಿನಲ್ಲಿ ಮೋತಿ ಎಂಬ ಎತ್ತು ಇಲ್ಲೇ ನೀರು ಕುಡಿದದ್ದನ್ನು ಕಣ್ಣಾರೆ ಕಂಡಿದ್ದೇನೆ ಎಂದು ಅತ್ತರು. ಆ ಲೆಕ್ಕದಲ್ಲಿ ಅವರಿಗೆ ನೂರಿಪ್ಪತ್ತು ವರ್ಷವಾಗಿರಬೇಕು. ಅವರನ್ನು ಕೂರಿಸಿ ಕಾಫಿ ಕೊಟ್ಟ ಅಚ್ಯುತ, ಮೋತಿಯ ಬಣ್ಣ ಬಿಳಿಯೋ ಕಂದೋ ಎಂದು ನಿಜವಾದ ಕುತೂಹಲದಿಂದ ಕೇಳಿದ. ಅಷ್ಟರಲ್ಲಿ ಅವನಿಗೇ ಎತ್ತುಗಳು ಕನಸಿನಲ್ಲಿ ಬರತೊಡಗಿದ್ದವು. ಬೊಂಬಾಯಿಯಿಂದ ರೈಲಿನ ದೊಡ್ಡ ಸಾಹೇಬರು ಬಂದು ಕಲ್ಲನ್ನು ಸಮಾರಂಭದಲ್ಲಿ ಉದ್ಘಾಟಿಸುತ್ತಾರೆ, ಭಾಷಣ ಅಚ್ಯುತಭಾಯಿಯದು ಎಂದು ಜಶುಭಾಯಿ ಬಂದು ಹೇಳಿ, ಅಂದಿನ ಚಹಾ ತಿಂಡಿಗೆ ಬಿಸಿ ಉದ್ದಿನ ವಡೆ ನಿಮ್ಮಲ್ಲಿಂದಲೇ ಎಂದು ಗೊತ್ತುಮಾಡಿದರು.

ಆ ಹೊತ್ತಿಗೆ ಸರಿಯಾಗಿ ಸೂರತ್ತಿನಿಂದ ಲಾರಿಯಲ್ಲಿ ಬಂದ ಊರಿನವನೊಬ್ಬ ಊಟ ಮಾಡುತ್ತ ಒಂದು ಮಾತು ತಲುಪಿಸಿದ. ಅಚ್ಯುತನ ಅಕ್ಕ ರಮಾಮಣಿ ಬರುತ್ತಾರಂತೆ. ಅಕ್ಷಯ ತೃತೀಯಕ್ಕೆ ಸೂರತ್ತಿನ ಸ್ಟೇಶನ್ನಿನ ಹತ್ತಿರ ಮಗನ ಹೋಟೆಲು ತೆರೆಯುತ್ತಾರಂತೆ. ಅಮ್ಮನ ಕಲ್ಲು ತೆಗೆದುಕೊಂಡು ಹೋಗಲು ಬರುವುದಂತೆ.

ಅಚ್ಯುತನ ಕೈಯಲ್ಲಿದ್ದ ಸಾಂಬಾರಿನ ಸೌಟು ಗಾಳಿಯಲ್ಲೇ ನಿಂತಿತು.

ರಮಾಮಣಿ ಅಕ್ಕ ಎಂದರೆ ಯಾರು ಎಂದು ಹೇಳಬೇಕು. ಗಂಡ ತೀರಿಕೊಂಡ ಮೇಲೆ ಇನ್ನೊಬ್ಬರ ಹೋಟೆಲಿನ ಅಡುಗೆಮನೆಯಲ್ಲಿ ಬೆಂದು ಮಗನನ್ನು ದೊಡ್ಡ ಮಾಡಿದವರು. ಸ್ವಂತದ ಒಂದು ಒಲೆ ಹೊತ್ತಿಸುವ ದಿನಕ್ಕಾಗಿ ತಲೆಕೂದಲು ಹಣ್ಣಾಗುವವರೆಗೆ ಕಾದವರು. ಅಮ್ಮನ ಕಲ್ಲು ಬಾರದೆ ಆ ಒಲೆಗೆ ಬೆಂಕಿ ಹಾಕುವುದಿಲ್ಲ ಎಂದು ಎಲ್ಲರ ಎದುರು ಹೇಳಿಬಿಟ್ಟಿದ್ದರು. ಅಕ್ಕ ಒಂದು ಮಾತು ಹೇಳಿದರೆ ಸೂರತ್ತಿನ ತಾಪಿ ನದಿ ಬೇಕಾದರೆ ಹಿಂದೆ ಹರಿದೀತು, ಆ ಮಾತು ಹರಿಯುವುದಿಲ್ಲ. ಕಲ್ಲು ಕೊಡದಿದ್ದರೆ ಅಕ್ಕನ ಹೋಟೆಲು ತೆರೆಯುವುದಿಲ್ಲ. ಅಚ್ಯುತನ ಮನೆಯ ಹೊಸಿಲನ್ನು ಅವರು ಇನ್ನು ತುಳಿಯುವುದೂ ಇಲ್ಲ.

ಅಚ್ಯುತ ಓಡಿದ. ಜಶುಭಾಯಿಯ ಕೋಣೆಗೆ ಹೋಗಿ, ಜನ್ಮದಲ್ಲಿ ಮೊದಲ ಸಲ ಇದ್ದದ್ದು ಇದ್ದ ಹಾಗೆ ಹೇಳಿದ. ಅದು ಎತ್ತಿನದ್ದಲ್ಲ, ನನ್ನ ಅಮ್ಮನದ್ದು. ಅದರಲ್ಲಿ ಅಕ್ಕಿ ರುಬ್ಬುತ್ತಾರೆ. ದಯವಿಟ್ಟು ವಾಪಸು ಕೊಡಿ.

ಜಶುಭಾಯಿ ಕುರ್ಚಿಗೆ ಒರಗಿ ಪ್ರೀತಿಯಿಂದ ನಕ್ಕರು. ವಸ್ತು ದೊಡ್ಡದಾದ ಮೇಲೆ ವಾರಸುದಾರರು ಹುಟ್ಟುವುದು ಸಹಜ ಎಂದರು. ಕಬ್ಬಿನ ಹಾಲಿನವನು ನಿನ್ನೆ ಬಂದು ಅದು ತನ್ನ ಮುತ್ತಜ್ಜನದು ಎಂದಿದ್ದ. ಮೊನ್ನೆ ಒಬ್ಬ ದೋಬಿ ಬಂದು ಬಟ್ಟೆ ಒಗೆಯುವ ಕಲ್ಲು ಎಂದ. ನೀವಾದರೂ ಸ್ವಲ್ಪ ನಂಬುವಂಥದ್ದು ಹೇಳಬೇಡವೇ ಎಂದು ಬೆನ್ನು ತಟ್ಟಿದರು. "ಅಚ್ಯುತಭಾಯಿ, ಇಷ್ಟು ದೊಡ್ಡ ಕಲ್ಲಿನಲ್ಲಿ ಅಡುಗೆ ಮಾಡುವ ಅಮ್ಮ ಯಾರು, ಹಿಡಿಂಬೆಯೇ?"

ಹರಿಪ್ರಸಾದಭಾಯಿಯ ಹತ್ತಿರ ಹೇಳಿದರೆ ಅವರು ಇನ್ನೂ ಮೃದುವಾಗಿ, ನಿಜವಾದ ವಿದ್ವಾಂಸರಿಗೆ ಕಡೆಯ ಗಳಿಗೆಯಲ್ಲಿ ಸಂಶಯ ಬರುತ್ತದೆ, ನನಗೂ ಬಂದಿತ್ತು, ರಾತ್ರಿ ಹಾಲು ಕುಡಿದು ಮಲಗಿ ಎಂದರು. ಅಚ್ಯುತ ಹೇಳಿದ ಸುಳ್ಳನ್ನೆಲ್ಲ ಒಂದೇ ಗುಟುಕಿಗೆ ನುಂಗಿದ ಊರು ಅವನ ಒಂದು ನಿಜವನ್ನು ಉಗುಳಿಬಿಟ್ಟಿತು.

ಸಮಾರಂಭದ ದಿನ ಪ್ಲಾಟ್‌ಫಾರ್ಮಿನಲ್ಲಿ ಚಪ್ಪರ, ಬ್ಯಾಂಡು, ಕೊಂಬಿಗೆ ಬಣ್ಣ ಬಳಿದ ಒಂದು ಜೋಡಿ ಎತ್ತು. ಧ್ವನಿವರ್ಧಕಕ್ಕೆಂದು ಹೋಟೆಲಿನಿಂದ ಎಳೆದ ತಂತಿ ಫ್ಯೂಸು ಹಾರಿಸಿ ಬೆಳಿಗ್ಗೆಯಿಂದ ಕರೆಂಟಿಲ್ಲ. ಗ್ರೈಂಡರು ಬಾಯಿ ಮುಚ್ಚಿ ಕೂತಿತ್ತು, ನೆನೆದ ಉದ್ದು ಬಕೆಟಿನಲ್ಲಿ ಉಬ್ಬುತ್ತಿತ್ತು. ಸಾಹೇಬರಿಗೆ ವಡೆ ಎಲ್ಲಿಂದ ಎಂದು ವೈದೇಹಿ ಕೇಳಿದಳು. ಅಕ್ಕ ಯಾವ ಗಾಡಿಗೆ ಬರುತ್ತಾರೋ ಎಂಬುದೇ ಅಚ್ಯುತನ ಜಪ. ಕೊರಳಿಗೆ ಹಾರ ಹಾಕಿ ಅವನನ್ನು ವೇದಿಕೆಗೆ ಹತ್ತಿಸಿದರು.

ಭಾಷಣ ಮೊದಲಿಗೆ ಚೆನ್ನಾಗಿಯೇ ಹೋಯಿತು. ಎತ್ತುಗಳ ತಾಳ್ಮೆ, ಮಹಾರಾಜರ ದಯೆ, ರಜೆಯ ವಿಚಾರ. ಜನ ಚಪ್ಪಾಳೆ ತಟ್ಟಿದರು. ಮೋತಿಯ ವಂಶಾವಳಿಗೆ ಬರುವಷ್ಟರಲ್ಲಿ ಚಪ್ಪರದ ಕೊನೆಯಲ್ಲಿ ಒಂದು ಬಿಳಿ ಸೀರೆ ಕಾಣಿಸಿತು. ಒಂದು ಕೈಯಲ್ಲಿ ಚೀಲ, ಇನ್ನೊಂದರಲ್ಲಿ ಕೊಡೆ. ಅಚ್ಯುತನ ಬಾಯಿಯಲ್ಲಿದ್ದ ಮೋತಿ ಅಲ್ಲೇ ಕಾಲು ಮಡಿಸಿ ಮಲಗಿತು.

ರಮಾಮಣಿ ಅಕ್ಕ ಜನರನ್ನು ಕೊಡೆಯಿಂದ ಆಚೀಚೆ ಸರಿಸುತ್ತ ನೇರ ಕಟ್ಟೆಯ ಹತ್ತಿರ ಬಂದು ನಿಂತರು. ಕಲ್ಲು ನೋಡಿದರು. ಅದರ ಮೇಲಿನ ಹಾರ ನೋಡಿದರು. ಎತ್ತನ್ನು ಮೇಲಿಂದ ಕೆಳಗೆ ನೋಡಿದರು. ಎತ್ತು ತಲೆ ತಗ್ಗಿಸಿತು.

"ಅಚ್ಚು," ಎಂದರು, "ಅಮ್ಮನ ಕಲ್ಲಿನ ಎದುರು ಈ ಎತ್ತು ಎಂತಕ್ಕೆ ನಿಂತದ್ದು?"

ಕನ್ನಡದ ಮಾತು ಅಲ್ಲಿ ಯಾರಿಗೂ ತಿಳಿಯಲಿಲ್ಲ. ಅಕ್ಕನಿಗೋ, ಸೂರತ್ತಿನಲ್ಲಿ ಇಷ್ಟು ವರ್ಷ ಇದ್ದರೂ ಬರುವ ಗುಜರಾತಿ ತರಕಾರಿಯವನನ್ನು ಬೈಯಲು ಸಾಕಾಗುವಷ್ಟೇ. ಈ ತಾಯಿ ಏನು ಹೇಳಿದರು ಎಂದು ಸಾಹೇಬರು ಕೇಳಿದರು. ಎತ್ತಿನ ಹೆಸರು ಕೇಳುತ್ತಿದ್ದಾರೆ ಎಂದ ಅಚ್ಯುತ. ಎತ್ತಿನ ಯಜಮಾನ ಹೆಮ್ಮೆಯಿಂದ ಎರಡು ಎತ್ತಿನ ಹೆಸರನ್ನೂ ಹೇಳಿದ.

"ಅದು ಬಾಯಿ ಹಾಕಿದ್ದುಂಟಾ ಇದಕ್ಕೆ?" ಎಂದರು ಅಕ್ಕ.

ಅಚ್ಯುತ ಹೌದೆಂದು ತಲೆಯಾಡಿಸಿದ. ಎತ್ತು ಕುಡಿದ ಕಲ್ಲು ಇನ್ನು ಯಾವ ಹೋಟೆಲಿಗೆ ಬಂದೀತು, ಅಕ್ಕನ ಒಲೆ ಇನ್ನು ಹೊತ್ತುವುದಿಲ್ಲ, ತನಗೆ ಇನ್ನು ಅಕ್ಕನಿಲ್ಲ ಎಂದು ಅವನ ಕಣ್ಣು ಮಂಜಾಯಿತು. ಅಕ್ಕ ಕೊಡೆಯ ತುದಿಯಿಂದ ಕಲ್ಲಿನ ಅಂಚನ್ನು ಒಮ್ಮೆ ತಟ್ಟಿದರು.

"ಬಸವ ಅಲ್ವಾ, ದೋಷ ಇಲ್ಲ. ನೀನು ಬಾಯಿ ಹಾಕಿದ್ರೆ ತೊಳೀಬೇಕಿತ್ತು."

ಅಷ್ಟರಲ್ಲಿ ಬೇಲಿಯ ಆಚೆಯಿಂದ ವೈದೇಹಿ ಉದ್ದಿನ ಬಕೆಟು ಹಿಡಿದು ಬಂದಳು. ಅತ್ತಿಗೆಯ ಕಿವಿಯಲ್ಲಿ ಕರೆಂಟಿನ ಕತೆಯನ್ನೂ ವಡೆಯ ಕತೆಯನ್ನೂ ಹೇಳಿದಳು. ಹೆಂಗಸರಿಬ್ಬರು ಒಂದು ಮಾತಿಗೆ ಬರಲು ಗಂಡಸರ ಒಂದು ಭಾಷಣದಷ್ಟು ಹೊತ್ತು ಬೇಡ. ರಮಾಮಣಿ ಅಕ್ಕ ಕಲ್ಲಿನ ಹಾರ ತೆಗೆದು ಎತ್ತಿನ ಕೊರಳಿಗೆ ಹಾಕಿದರು, ಪಂಪಿನ ನೀರು ತರಿಸಿ ಗುಳಿ ತೊಳೆದರು, ಕಟ್ಟೆಯ ಮೇಲೆ ಚಕ್ಕಳಮಕ್ಕಳ ಹಾಕಿ ಕೂತರು. ಬ್ರೇಕಿನ ಕಲ್ಲನ್ನು ಗುಳಿಗೆ ಇಳಿಸಿದರು. ಹಸಿರು ಬಾವುಟದ ತೂತಿಗೆ ತಮ್ಮ ಕೊಡೆಯ ಹಿಡಿಯನ್ನೇ ಸಿಕ್ಕಿಸಿ ತಿರುಗಿಸಲು ತೊಡಗಿದರು.

ಬ್ಯಾಂಡಿನವರು ಇದು ಪೂಜೆ ಎಂದುಕೊಂಡು ಆರತಿಯ ಮಟ್ಟು ಬಾರಿಸಿದರು. ಕಲ್ಲು ಗುಡುಗುಡು ಎಂದಿತು. ಉದ್ದು ನೊರೆನೊರೆಯಾಗಿ ಬೆಣ್ಣೆಯ ಹಾಗೆ ಮೇಲೆದ್ದಿತು. ಎಷ್ಟು ಮೇಲೆದ್ದಿತು ಎಂದರೆ ಹಿಂದೆ ನಿಂತ ಡಭೋಯಿ ಗಾಡಿಯವರಿಗೂ ಕಂಡಿತು. ಡ್ರೈವರು ಗಾಡಿ ಬಿಡದೆ ಇಳಿದು ಬಂದು ನೋಡಿದ. ಗಾಡಿ ತಡವಾದದ್ದು ಯಾರಿಗೂ ತಿಳಿಯಲಿಲ್ಲ.

ಹರಿಪ್ರಸಾದಭಾಯಿ ಮಾತ್ರ ತಿರುಗುವ ಕಲ್ಲನ್ನೇ ನೋಡುತ್ತಿದ್ದರು. ಬ್ರೇಕು ಗುಳಿಯೊಳಗೆ ಎಷ್ಟು ಸರಿಯಾಗಿ ಕೂತಿದೆ, ಬಾವುಟದ ತೂತಿಗೆ ಹಿಡಿ ಎಷ್ಟು ಸರಿಯಾಗಿ ಹೊಕ್ಕಿದೆ. ಅವರ ಮುಖ ಮೊದಲು ಬಿಳಿಚಿತು, ಆಮೇಲೆ ಕೆಂಪಾಯಿತು. ಪುಸ್ತಕದ ಆ ಅಧ್ಯಾಯ ಆಗಲೇ ಅಚ್ಚಿಗೆ ಹೋಗಿತ್ತು. ಜಶುಭಾಯಿಯೂ ನೋಡಿದರು. ಅವರ ಕಣ್ಣ ಮುಂದೆ ಆಡುಗಳು ಸಾಲಾಗಿ ವಾಪಸು ಬರುತ್ತಿದ್ದವು. ಇಬ್ಬರೂ ಅಚ್ಯುತನ ಕಡೆ ನೋಡಿದರು. ಅಚ್ಯುತ ಎತ್ತಿನ ಕಡೆ ನೋಡಿದ.

ಆಗ ದೊಡ್ಡ ಸಾಹೇಬರೇ ಎದ್ದರು. ಅವರು ಮುಂದೆ ಬಂದು, ಬಗ್ಗಿ, ಹಿಟ್ಟನ್ನು ನೋಡಿ, ಈಗ ಎಲ್ಲವೂ ಸ್ಪಷ್ಟವಾಯಿತು ಎಂದರು. ಎತ್ತುಗಳಿಗೆ ಬರೀ ನೀರು ಕುಡಿಸುತ್ತಿರಲಿಲ್ಲ, ಅವುಗಳ ಧಾನ್ಯವನ್ನೂ ಇದೇ ಕಲ್ಲಿನಲ್ಲಿ ರುಬ್ಬಿ ಉಣಿಸುತ್ತಿದ್ದರು ಎಂದರು ಸಾಹೇಬರು. ಎಂಥ ಯೋಜನೆ, ಒಂದೇ ಕಲ್ಲಿನಲ್ಲಿ ಊಟ, ನೀರು, ಬ್ರೇಕು. ಈ ತಾಯಿ ಆ ಹಳೆಯ ಕ್ರಮವನ್ನು ಮಾಡಿ ತೋರಿಸುತ್ತಿದ್ದಾರೆ. ಅಲ್ಲವೇ ಅಚ್ಯುತಭಾಯಿ?

ಅಚ್ಯುತ ಅಕ್ಕನನ್ನು ನೋಡಿದ. ಬೆವರು ಒರೆಸದೆ ಅಕ್ಕ ರುಬ್ಬುತ್ತಿದ್ದರು, ಥೇಟ್ ಅಮ್ಮನ ಹಾಗೆ, ನಾಲಗೆಯ ತುದಿ ತುಟಿಯಿಂದ ಹೊರಗೆ ಇಣುಕಿತ್ತು. ಇನ್ನೊಂದು ಸುಳ್ಳು ಅವನ ಗಂಟಲಿನವರೆಗೆ ಬಂದು, ಅಲ್ಲಿಂದ ಮೇಲೆ ಹತ್ತಲಿಲ್ಲ.

"ನನಗೆ ಗೊತ್ತಿಲ್ಲ," ಎಂದ.

ಸಾಹೇಬರೇ ಮೊದಲು ಚಪ್ಪಾಳೆ ಶುರುಮಾಡಿದರು. ಇಷ್ಟು ತಿಳಿದವರ ಬಾಯಲ್ಲಿ ಎಂಥ ವಿನಯ, ಕಲಿಯಬೇಕು ಎಂದು ಉಳಿದವರಿಗೆ ಹೇಳಿದರು. ಹರಿಪ್ರಸಾದಭಾಯಿ ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದರು. ವಡೆ ಬಂತು. ಸಾಹೇಬರು ತಿಂದರು, ಮತ್ತೆ ಕೇಳಿ ತಿಂದರು, ರೈಲಿನ ಎತ್ತುಗಳು ಪುಣ್ಯ ಮಾಡಿದ್ದವು ಎಂದರು. ಕಲ್ಲಿಗೆ ಇಟ್ಟಿಗೆ ಸಾಲದು, ಅಮೃತಶಿಲೆಯ ಕಟ್ಟೆ ಆಗಬೇಕು ಎಂದು ಅಪ್ಪಣೆ ಕೊಟ್ಟು, ಕಲ್ಲಿಗೆ ಕೈ ಮುಗಿದು ಹೋದರು.

ಅಂದು ಸಂಜೆ ಅಕ್ಕ ಕೈ ತೊಳೆದು ಬಂದು ಅಚ್ಯುತನ ಎದುರು ಕೂತರು. ಬೈಯಲಿಲ್ಲ. ಬೊಂಬಾಯಿಯ ಸಾಹೇಬರು ಅಮ್ಮನ ಕಲ್ಲಿಗೆ ಕೈ ಮುಗಿದದ್ದನ್ನು ಅವರೂ ನೋಡಿದ್ದರಲ್ಲ, ಒಳಗೆ ಸ್ವಲ್ಪ ಕರಗಿದ್ದರು. ಆದರೆ ಎಷ್ಟು ಕರಗಿದರೂ ಬೆಲ್ಲ ಬೆಲ್ಲವೇ, ಅಕ್ಕ ಅಕ್ಕನೇ.

"ಸಾಹೇಬರಿಗೆ ಕೈ ಮುಗೀಲಿಕ್ಕೆ ಯಾವ ಕಲ್ಲಾದ್ರೂ ಸಾಕು ಮಾರಾಯ. ನನಗೆ ಅಮ್ಮನದ್ದೇ ಬೇಕು. ಅಕ್ಷಯ ತೃತೀಯಕ್ಕೆ ಟೆಂಪೋ ತಗೊಂಡು ಬರ್ತೇನೆ," ಎಂದು ಎದ್ದರು.

ದಾರಿ ತೋರಿಸಿದ್ದು ಅಮೃತಶಿಲೆ. ಹೊಸ ಕಟ್ಟೆ ಕಟ್ಟುವಾಗ ಕಲ್ಲನ್ನು ಇಳಿಸಿ ಎಲ್ಲಾದರೂ ಇಡಬೇಕಲ್ಲ. ಕಬ್ಬಿನ ಹಾಲಿನವನ ಕಣ್ಣು ಅದರ ಮೇಲಿದೆ, ನಿಮ್ಮಷ್ಟು ನಂಬಿಕಸ್ಥರು ಯಾರು ಎಂದು ಜಶುಭಾಯಿ ಅದನ್ನು ಅಚ್ಯುತನ ಹಿತ್ತಲಿಗೇ ಹೊರಿಸಿದರು. ಹಾಗೆ ಹೇಳುವಾಗ ಅವರು ಅಚ್ಯುತನ ಮುಖ ನೋಡಲಿಲ್ಲ, ಗೋಡೆಯ ಕ್ಯಾಲೆಂಡರು ನೋಡಿದರು. ವೈದೇಹಿ ಆ ಕ್ಷಣಕ್ಕೇ ಅಂಕಲೇಶ್ವರದಲ್ಲಿ ಹೋಟೆಲು ಇಟ್ಟಿದ್ದ ತನ್ನ ತಮ್ಮನಿಗೆ ಹೇಳಿ ಕಳಿಸಿದಳು. ಅವನಲ್ಲೂ ಗ್ರೈಂಡರು ಬಂದು ಹಳೆಯ ಕಲ್ಲು ಮೂಲೆಗೆ ಬಿದ್ದಿತ್ತು. ಅದೇ ಕಪ್ಪು ಶಿಲೆ, ಅದೇ ಗಾತ್ರ. ಲಾರಿಯಲ್ಲಿ ಬಂದಿಳಿಯಿತು. ವೈದೇಹಿ ಅದಕ್ಕೂ ಕೆಮ್ಮಣ್ಣು ಬಳಿದಳು, ಬಿಳಿ ಪಟ್ಟೆ ಎಳೆದಳು. ಒಂದು ತೆಂಗಿನಕಾಯಿ ತೆಗೆದುಕೊಂಡು, ಗಂಡನನ್ನು ಒಮ್ಮೆ ದಿಟ್ಟಿಸಿ ನೋಡಿ, ಅತ್ತೆಯವರು ಅಪ್ಪಳಿಸಿದ ಜಾಗಕ್ಕೇ ಸರಿಯಾಗಿ ಅಪ್ಪಳಿಸಿದಳು. ಚೂರು ಹಾರಿತು. ಎರಡನ್ನೂ ಗೋಣಿಯಿಂದ ಮುಚ್ಚಿಟ್ಟಳು.

ಹಬ್ಬದ ಬೆಳಿಗ್ಗೆ ಈ ಕಡೆಯಿಂದ ಅಕ್ಕನ ಟೆಂಪೋ ಬಂತು. ಆ ಕಡೆಯಿಂದ ಕೈಗಾಡಿ ಹಿಡಿದ ಕೂಲಿಗಳೊಡನೆ ಜಶುಭಾಯಿ ಬಂದರು. ಅಚ್ಯುತ ಗೋಣಿ ತೆಗೆದ. ಎರಡು ಕೆಂಪು ಕಲ್ಲು, ಎರಡು ಬಿಳಿ ಪಟ್ಟೆ, ಎರಡು ಚೂರು ಹಾರಿದ ಅಂಚು. ಒಂದು ಮತ್ತೊಂದರ ಅವಳಿ. ಬೆರಳಿನಿಂದ ಮುಟ್ಟಿ ನೋಡಿದ. ಕಿವಿಯಿಟ್ಟು ಕೇಳಿದ. ಅಡುಗೆಮನೆಯ ಕಡೆ ನೋಡಿದರೆ ವೈದೇಹಿ ಬೆನ್ನು ತಿರುಗಿಸಿ ಬಜ್ಜಿ ಕರಿಯುತ್ತಿದ್ದಳು.

ಯಾವುದು ನಮ್ಮದು ಎಂದರು ಜಶುಭಾಯಿ. ಯಾವುದು ಅಮ್ಮನದ್ದು ಎಂದರು ಅಕ್ಕ. ಗೊತ್ತಿಲ್ಲ ಎನ್ನುವ ಮಾತನ್ನು ಅಚ್ಯುತ ಆಗಲೇ ಒಮ್ಮೆ ಖರ್ಚುಮಾಡಿಯಾಗಿತ್ತು. ಕಣ್ಣು ಮುಚ್ಚಿ ಒಂದನ್ನು ತೋರಿಸಿದ. ಕೂಲಿಗಳು ಅದನ್ನು ಹೊತ್ತು ಸ್ಟೇಶನ್ನಿಗೆ ನಡೆದರು. ಇನ್ನೊಂದು ಟೆಂಪೋ ಹತ್ತಿ ಸೂರತ್ತಿಗೆ ಹೋಯಿತು. ಟೆಂಪೋ ಹೊರಡುವ ಮೊದಲು ಅಕ್ಕ ಗುಳಿಯೊಳಗೆ ಅಂಗೈ ಆಡಿಸಿದರು, ವೈದೇಹಿಯ ಬೆನ್ನನ್ನು ನೋಡಿದರು, ಕೊಡೆ ಬಿಡಿಸಿ ಕೂತರು. ಆ ಮಧ್ಯಾಹ್ನವೇ ಸೂರತ್ತಿನಲ್ಲಿ ಒಲೆ ಹೊತ್ತಿತು.

ರಮಾಮಣಿ ಅಕ್ಕನ ಹೋಟೆಲಿನ ಇಡ್ಲಿ ತಿನ್ನಲು ಜನ ಸೂರತ್ತಿನ ಸ್ಟೇಶನ್ನಿನಲ್ಲಿ ಗಾಡಿ ತಪ್ಪಿಸಿಕೊಳ್ಳುತ್ತಾರೆ. ಅಷ್ಟು ಹಗುರ, ತಟ್ಟೆಯನ್ನು ಫ್ಯಾನಿನ ಕೆಳಗೆ ಇಟ್ಟರೆ ಹಾರಿಹೋಗುತ್ತದೆ. ಹಾಗಾದರೆ ಅಮ್ಮನ ಕಲ್ಲು ಅಲ್ಲೇ ಎನ್ನುತ್ತೀರಿ. ಆದರೆ ಬರೋಡಾದಲ್ಲಿ ಮಕರಪುರದ ಎತ್ತುಗಳನ್ನು ನೋಡಿ. ಎಷ್ಟು ಬಾಯಾರಿದರೂ ಬೇರೆ ನೀರು ಮೂಸುವುದಿಲ್ಲ, ಆ ಅಮೃತಶಿಲೆಯ ಕಟ್ಟೆಗೇ ಬಂದು ನಿಲ್ಲುತ್ತವೆ, ಕುಡಿದ ಮೇಲೆ ಅಂಚಿನ ಆ ಮುರಿದ ಜಾಗವನ್ನು ಒಮ್ಮೆ ನೆಕ್ಕುತ್ತವೆ. ಅಚ್ಯುತ ಹೆಂಡತಿಯನ್ನು ಕೇಳಿ ಕೇಳಿ ಸೋತ. ಎರಡೂ ಕಲ್ಲೇ ಅಲ್ವಾ ಎಂಬುದಕ್ಕಿಂತ ಹೆಚ್ಚು ವೈದೇಹಿಯ ಬಾಯಿಂದ ಬರಲಿಲ್ಲ.

ಇಡ್ಲಿಯ ಸಾಕ್ಷಿ ಹೇಳಿಯಾಯಿತು, ಎತ್ತಿನ ಸಾಕ್ಷಿಯನ್ನೂ ಹೇಳಿಯಾಯಿತು. ಈಗ ನೀವು ಹೇಳಿ, ಅಮ್ಮನ ಕಲ್ಲು ಯಾವ ಸ್ಟೇಶನ್ನಿನಲ್ಲಿ ಇಳಿಯಿತು? ಗೊತ್ತಿಲ್ಲ ಎಂದು ಮಾತ್ರ ಹೇಳಬೇಡಿ. ಆ ಮಾತು ಹೇಳಿದವರಿಗೆ ಬರೋಡಾದಲ್ಲಿ ಚಪ್ಪಾಳೆ ತಟ್ಟುತ್ತಾರೆ.